ಡೆನೆರಿಮ್‌ನ ಕೊನೆಯ ಕದನಕ್ಕೆ ಸಿದ್ಧತೆ: ‘ಡ್ರ್ಯಾಗನ್ ಏಜ್: ಒರಿಜಿನ್ಸ್’ ಆಡುವವರಿಗೆ ಕೈಪಿಡಿ

ಬಯೋವೇರ್ ಸಂಸ್ಥೆ 2009ರಲ್ಲಿ ಹೊರತಂದ ‘ಡ್ರ್ಯಾಗನ್ ಏಜ್: ಒರಿಜಿನ್ಸ್’ ಆಟವನ್ನು ಮೊದಲ ಸಲ ಆಡುವವರಲ್ಲಿ ಅನೇಕರು ಅದರ ಕೊನೆಯ ಕದನವನ್ನೂ ಅದುವರೆಗಿನ ಕದನಗಳಂತೆಯೇ ಎದುರಿಸಲು ಹೊರಡುತ್ತಾರೆ. ತಮಗೆ ಪ್ರಿಯರಾದ ಮೂವರು ಸಹಚರರಿಗೆ ಒಳ್ಳೆಯ ಕವಚ ಮತ್ತು ಆಯುಧಗಳನ್ನೆಲ್ಲ ತೊಡಿಸಿ, ಉಳಿದವರನ್ನು ಶಿಬಿರದಲ್ಲಿ ಹೇಗಿದ್ದರೋ ಹಾಗೆಯೇ ಬಿಟ್ಟು, ಚೀಲದಲ್ಲಿರುವ ಔಷಧ ಸಾಕಾದೀತೆಂದು ನಂಬಿ ಮುಂದೆ ಸಾಗುತ್ತಾರೆ. ಆದರೆ ಈ ಆಟದ ಕೊನೆಯ ಘಟ್ಟವನ್ನು ಕಟ್ಟಿರುವ ರೀತಿಯೇ ಬೇರೆ. ಅಲ್ಲಿ ನೀವು ಹಿಂದೆ ಬಿಟ್ಟು ಬಂದ ಸಹಚರರೂ ಹೋರಾಡಬೇಕಾಗುತ್ತದೆ, ಇಡೀ ಆಟದುದ್ದಕ್ಕೂ ನೀವು ಕೂಡಿಸಿದ ಸೇನೆಗಳೂ ಕಣಕ್ಕಿಳಿಯುತ್ತವೆ, ನಡುವೆ ಶಿಬಿರಕ್ಕೆ ಮರಳಿ ದಣಿವಾರಿಸಿಕೊಳ್ಳುವ ಅವಕಾಶವಂತೂ ಇರುವುದಿಲ್ಲ. ಆದ್ದರಿಂದ ನಾಲ್ವರ ತಂಡವೊಂದನ್ನೇ ಗಟ್ಟಿಮಾಡಿಕೊಂಡು ಹೋದವರಿಗೆ ಕಷ್ಟ ಎದುರಾಗುವುದು ಖಚಿತ. ಎಲ್ಲರನ್ನೂ ಲೆಕ್ಕಕ್ಕೆ ತೆಗೆದುಕೊಂಡು ಸಿದ್ಧರಾದವರಿಗೆ ಕಠಿಣ ಹಂತದಲ್ಲಿಯೂ ಕದನ ಕೈಮೀರಿ ಹೋಗುವುದಿಲ್ಲ.

ಸಿದ್ಧತೆಯ ವಿವರಗಳನ್ನು ಹೇಳಬೇಕಾದರೆ ಕಥೆಯ ಕೊನೆಯ ತಿರುವುಗಳನ್ನೂ ಹೇಳದೆ ವಿಧಿಯಿಲ್ಲ. ಕಥೆಯನ್ನು ತಾವಾಗಿಯೇ ಕಂಡುಕೊಳ್ಳಬೇಕೆನ್ನುವವರು ಔಷಧ ಮತ್ತು ಆಯುಧಗಳ ಭಾಗವನ್ನಷ್ಟೇ ಓದಿ, ಉಳಿದದ್ದನ್ನು ಆಮೇಲೆ ಓದಬಹುದು.

ಹಿಂದಿರುಗಲಾಗದ ಗೆರೆ ಎಲ್ಲಿದೆ

ರಾಜಧಾನಿ ಡೆನೆರಿಮ್‌ನಲ್ಲಿ ಲ್ಯಾಂಡ್ಸ್‌ಮೀಟ್ ಎಂಬ ಸಾಮಂತರ ಸಭೆ ಮುಗಿದ ಮೇಲೆ ಕಥೆ ರೆಡ್‌ಕ್ಲಿಫ್ ಕೋಟೆಯತ್ತ ಹೊರಳುತ್ತದೆ. ಅಲ್ಲಿ ಡಾರ್ಕ್‌ಸ್ಪಾನ್ ಎಂಬ ರಾಕ್ಷಸರ ದಾಳಿಯನ್ನು ಹಿಮ್ಮೆಟ್ಟಿಸಿದ ಬಳಿಕ, ಅವರನ್ನು ಎದುರಿಸಲೆಂದೇ ಇರುವ ಗ್ರೇ ವಾರ್ಡನ್ ಪಂಗಡದ (ನಿಮ್ಮ ಪಾತ್ರವೂ ಅದಕ್ಕೇ ಸೇರಿದ್ದು) ಹಿರಿಯ ರಿಯಾರ್ಡನ್, ಶತ್ರುಗಳ ಮುಖ್ಯ ದಂಡು ರೆಡ್‌ಕ್ಲಿಫ್‌ಗಲ್ಲ, ಡೆನೆರಿಮ್‌ಗೇ ನುಗ್ಗುತ್ತಿದೆ ಎಂಬ ಸುದ್ದಿಯನ್ನು ತಿಳಿಸುತ್ತಾನೆ. ಆ ರಾತ್ರಿ ಕಳೆದರೆ ಬೆಳಿಗ್ಗೆ ಸೇನೆ ಹೊರಟಾಯಿತು. ಅಲ್ಲಿಂದ ಮುಂದೆ, ತೀರಾ ಕೊನೆಯಲ್ಲಿ ಸಿಗುವ ಒಬ್ಬ ವ್ಯಾಪಾರಿಯನ್ನು ಬಿಟ್ಟರೆ, ಅಂಗಡಿಗಳಿಲ್ಲ, ಉಪಕ್ವೆಸ್ಟ್‌ಗಳಿಲ್ಲ, ಭೂಪಟದಲ್ಲಿ ಮನಬಂದಲ್ಲಿಗೆ ಹೋಗುವ ಸ್ವಾತಂತ್ರ್ಯವಿಲ್ಲ. ಹಾಗಾಗಿ ಲ್ಯಾಂಡ್ಸ್‌ಮೀಟ್ ಮುಗಿದ ಕ್ಷಣದಿಂದ ರೆಡ್‌ಕ್ಲಿಫ್‌ಗೆ ಕಾಲಿಡುವ ಮುನ್ನ ಇರುವ ಅವಧಿಯನ್ನೇ ನಿಮ್ಮ ನಿಜವಾದ ಸಿದ್ಧತೆಯ ಕಾಲವೆಂದು ತಿಳಿಯಬೇಕು. ಪಾತ್ರಗಳು ಎಷ್ಟೇ ಅವಸರಪಡಿಸಿದರೂ ನೀವು ಹೊರಡುವವರೆಗೆ ಆಟ ನಿಮಗಾಗಿ ಕಾಯುತ್ತದೆ.

ಈ ಅವಧಿಯಲ್ಲಿ ಮೊದಲು ಮಾಡಬೇಕಾದ ಕೆಲಸ ಪ್ರತ್ಯೇಕ ಸೇವ್ ಒಂದನ್ನು ಇಟ್ಟುಕೊಳ್ಳುವುದು. ಕ್ವಿಕ್‌ಸೇವ್ ಅಥವಾ ಆಟ ತಾನಾಗಿ ಮಾಡುವ ಸೇವ್ ಸಾಲದು, ಏಕೆಂದರೆ ಅವೆರಡೂ ಮುಂದಿನ ಕದನಗಳಲ್ಲಿ ಅಳಿಸಿಹೋಗಿ ಹೊಸದಾಗುತ್ತಿರುತ್ತವೆ. ಲ್ಯಾಂಡ್ಸ್‌ಮೀಟ್‌ಗೆ ಮುನ್ನ ಒಂದು, ರೆಡ್‌ಕ್ಲಿಫ್‌ಗೆ ಹೊರಡುವ ಮುನ್ನ ಇನ್ನೊಂದು, ಹೀಗೆ ಎರಡು ಸೇವ್‌ಗಳು ಕೈಯಲ್ಲಿದ್ದರೆ ಔಷಧ ಸಾಲದಿದ್ದರೂ, ತೆಗೆದುಕೊಂಡ ತೀರ್ಮಾನ ಮನಸ್ಸಿಗೆ ಒಪ್ಪದಿದ್ದರೂ ಹಿಂದಿರುಗಲು ದಾರಿ ಇರುತ್ತದೆ.

ಉಪಕ್ವೆಸ್ಟ್‌ಗಳಲ್ಲಿ ಸಹಚರರ ಸ್ವಂತ ಬದುಕಿಗೆ ಸಂಬಂಧಿಸಿದವುಗಳಿಗೆ ಆದ್ಯತೆ ಕೊಡಿ. ಅಲಿಸ್ಟೇರ್‌ನ ಅಕ್ಕ ಗೋಲ್ಡಾನಾಳ ಭೇಟಿ, ಲೆಲಿಯಾನಾಳ ಹಳೆಯ ಒಡನಾಡಿ ಮಾರ್ಜೊಲೇನ್‌ಳ ಪ್ರಸಂಗ, ಸ್ಟೆನ್ ಕಳೆದುಕೊಂಡ ಖಡ್ಗದ ಹುಡುಕಾಟ, ಮಾರಿಗನ್‌ಗಾಗಿ ಅವಳ ತಾಯಿ ಫ್ಲೆಮೆತ್‌ಳ ಮಂತ್ರಗ್ರಂಥ ತರುವ ಕೆಲಸ ಇವೆಲ್ಲ ಕೇವಲ ಕಥೆಯ ಸೊಗಸಿಗಾಗಿ ಇರುವಂಥವಲ್ಲ. ಸಹಚರರಿಗೆ ನಿಮ್ಮ ಮೇಲಿರುವ ವಿಶ್ವಾಸ ಹೆಚ್ಚಿದಂತೆ ಅವರ ಶಕ್ತಿಯೂ ಹೆಚ್ಚುತ್ತದೆ. ಅಲಿಸ್ಟೇರ್‌ನ ದೇಹಬಲ, ಮಾರಿಗನ್‌ಳ ಮಾಂತ್ರಿಕ ಸಾಮರ್ಥ್ಯ, ಸ್ಟೆನ್‌ನ ತೋಳ್ಬಲ, ಲೆಲಿಯಾನಾಳ ಚಾತುರ್ಯ, ವಿನ್‌ಳ ಮನೋಬಲ ಹಂತಹಂತವಾಗಿ ಏರುತ್ತವೆ. ಚೀಲದ ಮೂಲೆಯಲ್ಲಿ ಉಳಿದುಕೊಂಡಿರುವ ಉಡುಗೊರೆಗಳನ್ನು ಈಗಲೂ ಕೊಡದೆ ಇಟ್ಟುಕೊಳ್ಳುವುದರಲ್ಲಿ ಅರ್ಥವಿಲ್ಲ. ಯಾವುದು ಯಾರಿಗೆ ಇಷ್ಟವೆಂದು ನೋಡಿ ಎಲ್ಲವನ್ನೂ ಹಂಚಿಬಿಡಿ.

ಔಷಧವೇ ಅರ್ಧ ಸೇನೆ

ಈ ಆಟದಲ್ಲಿ ಸಹಚರರು ಕದನದ ನಡುವೆ ನೆಲಕ್ಕೆ ಬಿದ್ದರೆ ಕದನ ಮುಗಿದ ಮೇಲೆ ತಾವಾಗಿಯೇ ಏಳುತ್ತಾರೆ. ಆದರೆ ಗಾಯವೊಂದನ್ನು ಹೊತ್ತುಕೊಂಡು ಏಳುತ್ತಾರೆ, ಆ ಗಾಯ ವಾಸಿಯಾಗುವವರೆಗೆ ಅವರ ಶಕ್ತಿ ಕುಂದಿಯೇ ಇರುತ್ತದೆ. ಸಾಮಾನ್ಯ ದಿನಗಳಲ್ಲಿ ಶಿಬಿರಕ್ಕೆ ಹೋದರೆ ಗಾಯಗಳು ಮಾಯವಾಗುವುದರಿಂದ ಇಂಜುರಿ ಕಿಟ್‌ಗಳ ಕಡೆಗೆ ಯಾರೂ ಹೆಚ್ಚು ಗಮನ ಕೊಡುವುದಿಲ್ಲ. ಡೆನೆರಿಮ್‌ನೊಳಗೆ ಹೊಕ್ಕ ಮೇಲೆ ಶಿಬಿರವೇ ಇಲ್ಲವಾದ್ದರಿಂದ ಆ ಕಿಟ್‌ಗಳೇ ಗತಿ. ಹತ್ತಾದರೂ ಜೊತೆಗಿರಲಿ.

ಪೌಲ್ಟಿಸ್ ಎಂಬ ಗಾಯದ ಔಷಧವನ್ನು ಕೊಳ್ಳುವುದಕ್ಕಿಂತ ತಯಾರಿಸಿಕೊಳ್ಳುವುದು ಮೇಲು. ಅತಿ ಚಿಕ್ಕ ಪೌಲ್ಟಿಸ್‌ಗೆ ಒಂದು ಎಲ್ಫ್‌ರೂಟ್ ಮತ್ತು ಒಂದು ಫ್ಲಾಸ್ಕ್ ಸಾಕು. ದೊಡ್ಡವುಗಳಿಗೆ ಎಲ್ಫ್‌ರೂಟ್‌ನ ಪ್ರಮಾಣ ಹೆಚ್ಚುತ್ತದೆ, ಜೊತೆಗೆ ಡಿಸ್ಟಿಲೇಷನ್ ಏಜೆಂಟ್‌ನಂತಹ ಪದಾರ್ಥಗಳೂ ಬೇಕಾಗುತ್ತವೆ, ಹರ್ಬಲಿಸಂ ಕೌಶಲದ ಮಟ್ಟವೂ ಏರಿರಬೇಕು. ತಂಡದಲ್ಲಿರುವ ಯಾರಾದರೊಬ್ಬರಿಗೆ ಆ ಕೌಶಲವಿದ್ದರೆ ಸಾಕು, ನಿಮ್ಮ ಪಾತ್ರಕ್ಕೇ ಇರಬೇಕೆಂದಿಲ್ಲ. ಎಲ್ಫ್‌ರೂಟ್ ಮಾತ್ರ ಬ್ರೆಸಿಲಿಯನ್ ಕಾಡಿನ ಡೇಲಿಶ್ ಶಿಬಿರದಲ್ಲಿರುವ ವಾರಥಾರ್ನ್‌ನ ಬಳಿ ಎಷ್ಟು ಕೊಂಡರೂ ತೀರದಷ್ಟು ಸಿಗುತ್ತದೆ. ತೋಳಮಾನವರ ಪಕ್ಷ ವಹಿಸಿ ಡೇಲಿಶರನ್ನು ಕೊಂದವರಿಗೆ ಈ ಅಂಗಡಿ ಇಲ್ಲವಾಗುತ್ತದೆ. ಅಂಥವರು ಉಳಿದ ಅಂಗಡಿಗಳಲ್ಲಿ ಸಿಕ್ಕಷ್ಟನ್ನು ಕೂಡಿಹಾಕಿಕೊಳ್ಳುತ್ತ ಬರಬೇಕು. ಎಲ್ಲ ಅಳತೆಯವೂ ಸೇರಿ ಐವತ್ತರಷ್ಟು ಪೌಲ್ಟಿಸ್‌ಗಳು, ಮಂತ್ರವಾದಿಗಳಿಗಾಗಿ ಮಂತ್ರಶಕ್ತಿ ತುಂಬುವ ಇಪ್ಪತ್ತರಷ್ಟು ಲಿರಿಯಂ ಪೋಷನ್‌ಗಳು ಇದ್ದರೆ ನೆಮ್ಮದಿಯಾಗಿ ಹೊರಡಬಹುದೆಂಬುದು ನನ್ನ ಅಂದಾಜು.

ಇಲ್ಲಿ ಅನೇಕರ ಗಮನಕ್ಕೆ ಬಾರದ ಒಂದು ಸೂಕ್ಷ್ಮವಿದೆ. ಒಂದು ಪೌಲ್ಟಿಸ್ ಬಳಸಿದ ಕೂಡಲೇ ಅದೇ ಅಳತೆಯ ಇನ್ನೊಂದನ್ನು ಬಳಸಲು ಸ್ವಲ್ಪ ಹೊತ್ತು ಕಾಯಬೇಕಾಗುತ್ತದೆ, ಆದರೆ ಬೇರೆ ಅಳತೆಯದನ್ನು ಬಳಸಲು ಕಾಯಬೇಕಾಗಿಲ್ಲ. ಆದ್ದರಿಂದ ಇದ್ದ ಎಲ್ಫ್‌ರೂಟನ್ನೆಲ್ಲ ದೊಡ್ಡ ಔಷಧಕ್ಕೇ ಸುರಿಯದೆ ಚಿಕ್ಕದು, ಮಧ್ಯಮ, ದೊಡ್ಡದು ಎಂದು ಮೂರೂ ಬಗೆಯವನ್ನು ಮಾಡಿಟ್ಟುಕೊಂಡರೆ, ಸಾವಿನಂಚಿಗೆ ಬಂದ ಸಹಚರನಿಗೆ ಒಂದರ ಹಿಂದೊಂದರಂತೆ ಮೂರನ್ನೂ ಕೊಟ್ಟು ಎತ್ತಿ ನಿಲ್ಲಿಸಬಹುದು. ಜೊತೆಗೆ ಪ್ರತಿಯೊಬ್ಬರ ಟ್ಯಾಕ್ಟಿಕ್ಸ್ ಪಟ್ಟಿಯನ್ನು ತೆರೆದು, ತನ್ನ ಆರೋಗ್ಯ ಅರ್ಧಕ್ಕಿಂತ ಕಡಿಮೆಯಾದಾಗ ಅತಿ ಕಡಿಮೆ ಬಲದ ಪೌಲ್ಟಿಸ್ ಬಳಸಬೇಕು, ಕಾಲು ಭಾಗಕ್ಕಿಂತ ಕಡಿಮೆಯಾದಾಗ ಅತಿ ಹೆಚ್ಚು ಬಲದ್ದನ್ನು ಬಳಸಬೇಕು ಎಂಬ ಎರಡು ಸಾಲುಗಳನ್ನು ಸೇರಿಸಿಡಿ; ಕಾಲು ಭಾಗದ ಸಾಲು ಮೇಲಿರಲಿ, ಅರ್ಧದ ಸಾಲು ಅದರ ಕೆಳಗಿರಲಿ, ಏಕೆಂದರೆ ಪಟ್ಟಿಯನ್ನು ಆಟ ಮೇಲಿನಿಂದ ಕೆಳಕ್ಕೆ ಓದುತ್ತದೆ. ಈ ಚಿಕ್ಕ ಕೆಲಸದಿಂದ ಕದನದ ನಡುವೆ ಆಟವನ್ನು ಮತ್ತೆ ಮತ್ತೆ ನಿಲ್ಲಿಸುವ ಕಷ್ಟ ತಪ್ಪುತ್ತದೆ.

ಡಾರ್ಕ್‌ಸ್ಪಾನ್‌ಗಳನ್ನು ಮುನ್ನಡೆಸುವ ದೈತ್ಯ ಡ್ರ್ಯಾಗನ್ ಆದ ಆರ್ಚ್‌ಡೀಮನ್ ಉಗುಳುವ ಉಸಿರು ಬೆಂಕಿಯಲ್ಲ, ಸ್ಪಿರಿಟ್ ಬಗೆಯ ಹಾನಿ. ಬೇರೆ ಹೈ ಡ್ರ್ಯಾಗನ್‌ಗಳೊಡನೆ ಹೋರಾಡಿ ಅಭ್ಯಾಸವಾದವರು ಇಲ್ಲಿಗೂ ಬೆಂಕಿ ತಡೆಯುವ ಸಾಮಗ್ರಿಯನ್ನೇ ಹೊತ್ತು ಬರುವುದುಂಟು, ಅದರಿಂದ ಪ್ರಯೋಜನವಾಗುವುದಿಲ್ಲ. ಸ್ಪಿರಿಟ್ ಬಾಮ್ ಎಂಬ ಲೇಪನವನ್ನು ತಂಡದ ನಾಲ್ವರಿಗೂ ಸಾಕಾಗುವಷ್ಟು ಸಂಗ್ರಹಿಸಿ, ಅದರೊಡನೆ ಕೊನೆಯ ಕದನ ನಡೆಯುವ, ಡೆನೆರಿಮ್‌ನ ಕೋಟೆಯಾದ ಫೋರ್ಟ್ ಡ್ರಾಕನ್‌ನ ಛಾವಣಿಗೆ ಹೋಗುವವರೆಗೂ ಮುಟ್ಟದೆ ಇಟ್ಟುಕೊಳ್ಳಿ.

ಆಯುಧ, ಕವಚ ಮತ್ತು ಎರಡನೆಯ ಜೋಡಿ

ಇನ್ನು ಮುಂದೆ ಹಣವನ್ನು ಕೂಡಿಡುವುದರಲ್ಲಿ ಪ್ರಯೋಜನವಿಲ್ಲ. ಇರುವ ಸಾವರಿನ್ ನಾಣ್ಯಗಳನ್ನೆಲ್ಲ ಈ ಹಂತದಲ್ಲಿಯೇ ಖರ್ಚುಮಾಡಬೇಕು. ಶಿಬಿರದಲ್ಲಿರುವ ಸ್ಯಾಂಡಲ್ ಎಂಬ ಹುಡುಗನಿಂದ ಆಯುಧಗಳಿಗೆ ರೂನ್ ಎಂಬ ಮಂತ್ರಚಿಹ್ನೆ ಕೂಡಿಸಿಕೊಳ್ಳುವಾಗ ಸಿಲ್ವರೈಟ್ ರೂನ್‌ಗಳಿಗೆ ಮೊದಲ ಸ್ಥಾನ ಕೊಡಿ, ಅವು ಡಾರ್ಕ್‌ಸ್ಪಾನ್‌ಗಳಿಗೆ ಹೆಚ್ಚಿನ ಪೆಟ್ಟು ಕೊಡುತ್ತವೆ, ಕೊನೆಯ ಘಟ್ಟದಲ್ಲಿ ನಿಮಗೆ ಎದುರಾಗುವ ಶತ್ರುಗಳೂ ಬಹುತೇಕ ಅವರೇ. ‘ವಾರ್ಡನ್ಸ್ ಕೀಪ್’ ಎಂಬ ಹೆಚ್ಚುವರಿ ಭಾಗವನ್ನು ಆಡಿದವರು ಸೋಲ್ಜರ್ಸ್ ಪೀಕ್‌ನ ಪೆಟ್ಟಿಗೆಯಲ್ಲಿ ಇಟ್ಟ ವಸ್ತುಗಳನ್ನು ಮರೆಯದೆ ತೆಗೆದುಕೊಂಡು ಬರಬೇಕು.

ಪ್ರತಿ ಪಾತ್ರಕ್ಕೂ ಎರಡು ಜೋಡಿ ಆಯುಧಗಳನ್ನು ಇಟ್ಟುಕೊಳ್ಳುವ ಸೌಲಭ್ಯವನ್ನು ಆಟದುದ್ದಕ್ಕೂ ಬಳಸದೆ ಬಂದವರೂ ಈಗ ಬಳಸಲೇಬೇಕು. ಆರ್ಚ್‌ಡೀಮನ್ ತನ್ನ ಆರೋಗ್ಯ ಕುಗ್ಗಿದಂತೆ ಹಾರಿ, ಖಡ್ಗ ಹಿಡಿದವರ ಕೈಗೆಟುಕದ ಜಾಗಕ್ಕೆ ಹೋಗಿ ಕೂರುತ್ತದೆ. ಆಗ ಎರಡು ಕೈಯ ಕೊಡಲಿ ಹಿಡಿದ ಓಗ್ರೆನ್ ಆಗಲಿ, ಗುರಾಣಿ ಹಿಡಿದ ಅಲಿಸ್ಟೇರ್ ಆಗಲಿ ಸುಮ್ಮನೆ ನಿಂತು ನೋಡಬೇಕಾಗುತ್ತದೆ. ಅವರ ಎರಡನೆಯ ಜೋಡಿಯಲ್ಲಿ ಒಂದು ಬಿಲ್ಲನ್ನೋ ಕ್ರಾಸ್‌ಬೋವನ್ನೋ ಇಟ್ಟಿದ್ದರೆ ಆ ಹೊತ್ತು ವ್ಯರ್ಥವಾಗುವುದಿಲ್ಲ. ಬಿಲ್ವಿದ್ಯೆಯ ಕೌಶಲವಿಲ್ಲದಿದ್ದರೂ ಚಿಂತೆಯಿಲ್ಲ. ಸಾಮಾನ್ಯ ಬಾಣಗಳು ಈ ಆಟದಲ್ಲಿ ಖಾಲಿಯಾಗುವುದೇ ಇಲ್ಲ. ಬೆಂಕಿ, ಹಿಮದಂಥ ವಿಶೇಷ ಬಾಣಗಳು ಮಾತ್ರ ಮುಗಿದುಹೋಗುವಂಥವಾದ್ದರಿಂದ ಅವುಗಳನ್ನು ಲೆಲಿಯಾನಾಳಂಥ ನುರಿತವರಿಗೇ ಮೀಸಲಿಡಿ.

ಯಾರು ಬರಬೇಕು, ಯಾರು ಉಳಿಯಬೇಕು

ನಗರದ ಹೆಬ್ಬಾಗಿಲಿನ ಕದನ ಮುಗಿದ ಮೇಲೆ ಆಟ ನಿಮ್ಮನ್ನು ಎರಡು ಪ್ರಶ್ನೆ ಕೇಳುತ್ತದೆ: ನಿಮ್ಮೊಡನೆ ಬರುವ ಮೂವರು ಯಾರು, ಬಾಗಿಲಲ್ಲಿ ಉಳಿಯುವವರ ಮುಂದಾಳು ಯಾರು. ನೀವು ನಗರದೊಳಗೆ ಮುನ್ನುಗ್ಗುತ್ತಿರುವಾಗ ನಡುವೆ ಒಮ್ಮೆ ಕಥೆ ಬಾಗಿಲಿಗೆ ಮರಳಿ, ಹಿಂದೆ ಉಳಿದವರನ್ನು ನಿಮ್ಮ ಕೈಗೆ ಕೊಟ್ಟು, ಡಾರ್ಕ್‌ಸ್ಪಾನ್‌ಗಳ ಹೊಸ ದಂಡನ್ನು ಎದುರಿಸಲು ಹೇಳುತ್ತದೆ. ತಿಂಗಳುಗಟ್ಟಲೆ ಶಿಬಿರದ ಬೆಂಕಿಯ ಪಕ್ಕದಲ್ಲಿ ನಿಲ್ಲಿಸಿಟ್ಟ ಸಹಚರರು ಸೇರಿಕೊಂಡ ದಿನದ ಕವಚದಲ್ಲಿಯೇ ಇದ್ದರೆ ಈ ಕದನ ಎಷ್ಟು ಕಠಿಣವಾಗುತ್ತದೆಂಬುದನ್ನು ವಿವರಿಸಬೇಕಾಗಿಲ್ಲ. ನನ್ನ ಮಟ್ಟಿಗೆ ಈ ಆಟ ಮಾಡಿರುವ ಅತ್ಯಂತ ನ್ಯಾಯವಾದ ಕೆಲಸಗಳಲ್ಲಿ ಇದೂ ಒಂದು: ಕಥೆಯುದ್ದಕ್ಕೂ ನಿಮ್ಮನ್ನು ನಂಬಿ ಬಂದವರಲ್ಲಿ ಯಾರೊಬ್ಬರೂ ಕೊನೆಯ ದಿನ ಲೆಕ್ಕಕ್ಕಿಲ್ಲದವರಾಗಿ ಉಳಿಯುವುದಿಲ್ಲ.

ಆದ್ದರಿಂದ ಹೊರಡುವ ಮುನ್ನ ಶಿಬಿರದಲ್ಲಿ ಪ್ರತಿಯೊಬ್ಬರನ್ನೂ ಒಮ್ಮೆ ತಂಡಕ್ಕೆ ಸೇರಿಸಿಕೊಂಡು, ಅವರ ಪುಟವನ್ನು ತೆರೆದು ನೋಡಿ. ಹಿಂದೆ ಉಳಿದವರ ಲೆವೆಲ್ ಕೂಡ ಏರುತ್ತಿರುತ್ತದೆಯಾದರೂ ಅವರಿಗೆ ಸಿಕ್ಕ ಅಂಕಗಳು ಹಂಚಿಕೆಯಾಗದೆ ಉಳಿದಿರುವುದುಂಟು. ಅವನ್ನೆಲ್ಲ ಹಂಚಿ, ಹೊಸ ಕೌಶಲಗಳನ್ನು ಆಯ್ದು, ಮುಖ್ಯ ತಂಡ ಬಿಟ್ಟುಕೊಟ್ಟ ಎರಡನೆಯ ದರ್ಜೆಯ ಕವಚಗಳನ್ನಾದರೂ ತೊಡಿಸಬೇಕು. ಹಳೆಯ ಕವಚವನ್ನು ನಾಲ್ಕು ಕಾಸಿಗೆ ಮಾರುವ ಅಭ್ಯಾಸವಿದ್ದವರು ಆಟದ ಕೊನೆಯ ಮೂರನೇ ಒಂದು ಭಾಗದಲ್ಲಿ ಅದನ್ನು ಬಿಡುವುದು ಒಳ್ಳೆಯದು.

ಮಂತ್ರವಾದಿಗಳನ್ನು ಹಂಚುವಾಗ ವಿಶೇಷ ಎಚ್ಚರ ಬೇಕು. ಮಾರಿಗನ್ ಮತ್ತು ವಿನ್ ಇಬ್ಬರನ್ನೂ ನಿಮ್ಮೊಡನೆ ಕರೆದೊಯ್ದರೆ ಬಾಗಿಲಲ್ಲಿ ಗುಣಪಡಿಸುವವರೇ ಇರುವುದಿಲ್ಲ. ವಿನ್ ಸ್ಪಿರಿಟ್ ಹೀಲರ್ ಆಗಿಯೇ ಬರುವುದರಿಂದ ಇಡೀ ತಂಡವನ್ನು ಒಟ್ಟಿಗೆ ಗುಣಪಡಿಸುವ, ಬಿದ್ದವರನ್ನು ಕದನದ ನಡುವೆಯೇ ಎಬ್ಬಿಸುವ ಮಂತ್ರಗಳು ಅವಳಿಗೆ ದಕ್ಕುತ್ತವೆ. ಅವಳನ್ನು ಛಾವಣಿಗೆ ಕರೆದೊಯ್ದು, ಮಾರಿಗನ್‌ಗೆ ಹೀಲ್ ಮಂತ್ರವೊಂದನ್ನು ಕಲಿಸಿ ಬಾಗಿಲಲ್ಲಿ ಬಿಡುವುದು ನಾನು ಮೆಚ್ಚುವ ಏರ್ಪಾಡು. ಇದಕ್ಕೆ ಒಂದು ತೊಡಕಿದೆ. ರೆಡ್‌ಕ್ಲಿಫ್‌ನ ಆ ರಾತ್ರಿ ಮಾರಿಗನ್ ಮುಂದಿಡುವ ಕೋರಿಕೆಯನ್ನು (ಅದೇನೆಂಬುದು ಕೊನೆಯ ಭಾಗದಲ್ಲಿದೆ) ನಿರಾಕರಿಸಿದರೆ ಅವಳು ನಿಮ್ಮನ್ನು ತೊರೆದು ಹೋಗುತ್ತಾಳೆ. ನಿರಾಕರಿಸುವ ಇರಾದೆ ಇರುವವರು ಅವಳ ಬೆಲೆಬಾಳುವ ಕೋಲು, ಉಂಗುರಗಳನ್ನು ಮೊದಲೇ ಬೇರೆಯವರಿಗೆ ಕೊಟ್ಟಿರಬೇಕು. ಲ್ಯಾಂಡ್ಸ್‌ಮೀಟ್‌ನಲ್ಲಿ ನಿಮ್ಮ ಎದುರಾಳಿಯಾದ ಸೇನಾಪತಿ ಲೊಗೈನ್‌ನನ್ನು ಉಳಿಸಿಕೊಂಡು ಅಲಿಸ್ಟೇರ್‌ನನ್ನು ಕಳೆದುಕೊಳ್ಳಲು ಸಿದ್ಧರಾದವರಿಗೂ ಇದೇ ಮಾತು ಅನ್ವಯಿಸುತ್ತದೆ.

ತಂಡದಲ್ಲಿ ಬೀಗ, ಬಲೆಗಳಲ್ಲಿ ನುರಿತ ರೋಗ್ ವರ್ಗದವರೊಬ್ಬರು ಇರುವುದು ಒಳ್ಳೆಯದು. ಛಾವಣಿಯಲ್ಲಿರುವ, ದೊಡ್ಡ ಬಾಣ ಎಸೆಯುವ ಬಲಿಸ್ಟಾ ಯಂತ್ರಗಳು ಬಳಸುತ್ತ ಹೋದಂತೆ ಕೆಟ್ಟು ನಿಲ್ಲುತ್ತವೆ, ಅವನ್ನು ಸರಿಪಡಿಸುವ ಕೈ ರೋಗ್‌ಗಳದು.

ಸೇನೆಗಳನ್ನು ಕರೆಯುವ ಬಗೆ

ನೀವು ಒಪ್ಪಂದಪತ್ರಗಳನ್ನು ಹಿಡಿದು ಊರೂರು ಅಲೆದು ಕೂಡಿಸಿದ ಸೇನೆಗಳು ಈಗ ಕೆಲಸಕ್ಕೆ ಬರುತ್ತವೆ: ರೆಡ್‌ಕ್ಲಿಫ್‌ನ ಸೈನಿಕರು, ಒರ್ಜಮರ್‌ನ ಕುಳ್ಳರು, ಸರ್ಕಲ್‌ನ ಮಂತ್ರವಾದಿಗಳು ಅಥವಾ ಟೆಂಪ್ಲರ್‌ಗಳು, ಡೇಲಿಶ್ ಎಲ್ಫ್‌ಗಳು ಅಥವಾ ತೋಳಮಾನವರು. ಅನ್ವಿಲ್ ಆಫ್ ದ ವಾಯ್ಡ್ ಎಂಬ ಮಾಂತ್ರಿಕ ಅಡಿಗಲ್ಲನ್ನು ಉಳಿಸಿದವರಿಗೆ ಕುಳ್ಳರ ಜೊತೆ, ಅದರ ಮೇಲೆ ತಯಾರಾಗುವ ಗೋಲೆಮ್ ಎಂಬ ದೈತ್ಯ ಪ್ರತಿಮೆಗಳೂ ಬರುತ್ತವೆ. ಒಂದು ಸಮಯಕ್ಕೆ ಒಂದೇ ಸೇನೆಯನ್ನು ಕರೆಯಬಹುದು, ಪ್ರತಿ ಸೇನೆಯಲ್ಲಿ ಇರುವವರ ಸಂಖ್ಯೆಯೂ ಸೀಮಿತ. ಬೀದಿಯ ಮೊದಲ ಕದನದಲ್ಲಿಯೇ ಎಲ್ಫ್‌ಗಳನ್ನು ಕರೆದು ಕಳೆದುಕೊಂಡವರು ಛಾವಣಿಯಲ್ಲಿ ಬರಿಗೈಯಲ್ಲಿ ನಿಲ್ಲಬೇಕಾಗುತ್ತದೆ.

ಬೀದಿಗಳಿಗೆ ಕತ್ತಿ ಹಿಡಿದವರು, ಛಾವಣಿಗೆ ದೂರದಿಂದ ಹೊಡೆಯುವವರು ಎಂಬುದು ಇಲ್ಲಿನ ಸೂತ್ರ. ಮಾರುಕಟ್ಟೆ ಮತ್ತು ಎಲ್ಫ್‌ಗಳ ಕೇರಿಯಾದ ಏಲಿಯನೇಜ್ ಭಾಗಗಳಲ್ಲಿ ಡಾರ್ಕ್‌ಸ್ಪಾನ್ ಸೇನಾನಿಗಳು ಒಬ್ಬೊಬ್ಬರಂತೆ ಇದ್ದಾರೆ. ಅವರನ್ನು ಕೊಲ್ಲುವುದು ಕಡ್ಡಾಯವಲ್ಲ, ಆದರೂ ಸಿಗುವ ಅನುಭವದ ಅಂಕಗಳಿಗಾಗಿಯಾದರೂ ಎರಡು ಕಡೆಗೂ ಹೋಗಿಬರುವುದು ಲೇಸು. ಮಾರುಕಟ್ಟೆಗೆ ರೆಡ್‌ಕ್ಲಿಫ್‌ನವರು ಸಾಕು. ಏಲಿಯನೇಜ್‌ಗೆ ಗಟ್ಟಿಮುಟ್ಟಾದ ಕುಳ್ಳರು ತಕ್ಕವರು. ಎಲ್ಲೇ ಆದರೂ ಶತ್ರುಗಳ ನಡುವೆ ಇರುವ ಎಮಿಸರಿ ಎಂಬ ಮಂತ್ರವಾದಿಗಳನ್ನು ಮೊದಲು ಹುಡುಕಿ ಕೆಡವಿ. ಅವರನ್ನು ಹಾಗೆಯೇ ಬಿಟ್ಟರೆ ಸೈನಿಕರು ಬೇಗ ಬೇಗ ಉರುಳುತ್ತಾರೆ.

ಫೋರ್ಟ್ ಡ್ರಾಕನ್‌ನ ಒಳಗೆ ನಾಲ್ವರೇ ನಡೆಯಬೇಕು. ಅಲ್ಲಿ ಡಾರ್ಕ್‌ಸ್ಪಾನ್‌ಗಳ ಹೆಣಗಳ ನಡುವೆ ಸ್ಯಾಂಡಲ್ ಒಬ್ಬನೇ ನಿಂತಿರುವುದನ್ನು ಕಂಡು ಅಚ್ಚರಿಪಡದವರಿಲ್ಲ. ಅಚ್ಚರಿ ಮುಗಿದ ಮೇಲೆ ಅವನೊಡನೆ ವ್ಯಾಪಾರ ಮಾಡುವುದನ್ನು ಮರೆಯಬೇಡಿ. ದಾರಿಯಲ್ಲಿ ಸಿಕ್ಕ ವಸ್ತುಗಳನ್ನು ಮಾರಿ, ಔಷಧ ಕೊಳ್ಳಲು ಮತ್ತು ಹೊಸದಾಗಿ ಸಿಕ್ಕ ರೂನ್‌ಗಳನ್ನು ಕೂಡಿಸಿಕೊಳ್ಳಲು ಇದೇ ಕೊನೆಯ ಅವಕಾಶ.

ಛಾವಣಿಯ ಮೇಲೆ

ರಿಯಾರ್ಡನ್ ತನ್ನ ಪ್ರಾಣ ತೆತ್ತು ಆರ್ಚ್‌ಡೀಮನ್‌ನ ರೆಕ್ಕೆ ಹರಿದಿರುವುದರಿಂದ ಅದು ದೂರ ಹಾರಿಹೋಗಲಾರದೆ ಕೋಟೆಯ ಛಾವಣಿಯಲ್ಲಿ ಇಳಿದಿರುತ್ತದೆ. ಮೇಲೆ ಕಾಲಿಟ್ಟ ಕೂಡಲೇ ಆಟವನ್ನು ನಿಲ್ಲಿಸಿ, ನಾಲ್ವರಿಗೂ ಸ್ಪಿರಿಟ್ ಬಾಮ್ ಹಚ್ಚಿ, ಬಲಿಸ್ಟಾಗಳು ಎಲ್ಲೆಲ್ಲಿವೆ ಎಂದು ನೋಡಿಕೊಳ್ಳಿ. ಡ್ರ್ಯಾಗನ್‌ನ ಮುಖದೆದುರು ಗುರಾಣಿ ಹಿಡಿದ ಒಬ್ಬರು ಮಾತ್ರ ಇರಲಿ. ಕತ್ತಿ ಹಿಡಿದ ಉಳಿದವರು ಪಕ್ಕದಲ್ಲಿ, ಹಿಂಗಾಲಿನ ಬಳಿ ನಿಲ್ಲಬೇಕು. ಬಿಲ್ಲುಗಾರರೂ ಮಂತ್ರವಾದಿಗಳೂ ದೂರದಲ್ಲಿ, ಪರಸ್ಪರ ಅಂತರವಿಟ್ಟು ನಿಲ್ಲಬೇಕು, ಒಂದೇ ಉಸಿರಿಗೆ ಇಬ್ಬರು ಸಿಕ್ಕಿಬೀಳಬಾರದು. ಎದುರು ನಿಂತವರ ಆರೋಗ್ಯ ಒಮ್ಮೆಲೇ ಕುಸಿದರೆ ಫೋರ್ಸ್ ಫೀಲ್ಡ್ ಮಂತ್ರ ಹಾಕಿ. ಅದರೊಳಗೆ ಇರುವವರು ಅಲುಗಾಡಲಾರರು, ಆದರೆ ಯಾವ ಪೆಟ್ಟೂ ತಗಲುವುದಿಲ್ಲ.

ಎಲ್ಫ್‌ಗಳನ್ನೂ ಮಂತ್ರವಾದಿಗಳನ್ನೂ ಕದನದ ಆರಂಭದಲ್ಲಿಯೇ ಕರೆಯುವುದಕ್ಕಿಂತ, ಡ್ರ್ಯಾಗನ್ ಹಾರಿ ಕೈಗೆಟುಕದ ಜಾಗದಲ್ಲಿ ಕೂತಾಗ ಕರೆಯುವುದು ಉತ್ತಮವೆಂದು ನನಗನ್ನಿಸುತ್ತದೆ. ಅದೇ ಹೊತ್ತಿಗೆ ಡಾರ್ಕ್‌ಸ್ಪಾನ್‌ಗಳ ಹೊಸ ಗುಂಪುಗಳೂ ಛಾವಣಿಗೆ ನುಗ್ಗುವುದರಿಂದ ತಂಡವನ್ನು ಎರಡಾಗಿಸಬೇಕು: ಇಬ್ಬರು ಬಲಿಸ್ಟಾ ಮತ್ತು ಬಿಲ್ಲುಗಳಿಂದ ಡ್ರ್ಯಾಗನ್‌ನತ್ತ, ಇನ್ನಿಬ್ಬರು ಬಂದವರನ್ನು ತಡೆಯುವತ್ತ. ಟೆಂಪ್ಲರ್ ಮತ್ತು ತೋಳಮಾನವರನ್ನು ಆಯ್ದುಕೊಂಡವರಿಗೆ ದೂರದಿಂದ ಹೊಡೆಯುವ ಸೇನೆ ಇಲ್ಲದ ಕಾರಣ ಬಲಿಸ್ಟಾಗಳ ಮೇಲೆಯೇ ಹೆಚ್ಚು ಅವಲಂಬಿಸಬೇಕಾಗುತ್ತದೆ. ಕದನ ನಡೆಯುತ್ತಿರುವಾಗ ಸೇವ್ ಮಾಡಲು ಬರುವುದಿಲ್ಲ, ಹಾಗಾಗಿ ಅವಸರಪಟ್ಟು ಔಷಧವನ್ನೆಲ್ಲ ಮೊದಲರ್ಧದಲ್ಲಿ ಮುಗಿಸಬೇಡಿ.

ಕೊನೆಯ ಪೆಟ್ಟು ಯಾರದು

ಆರ್ಚ್‌ಡೀಮನ್ ಸತ್ತಾಗ ಅದರ ಆತ್ಮ ಹತ್ತಿರದ ಡಾರ್ಕ್‌ಸ್ಪಾನ್‌ನ ದೇಹಕ್ಕೆ ಹೋಗಿ ಸೇರುತ್ತದೆ. ಕೊಂದವನು ಗ್ರೇ ವಾರ್ಡನ್ ಆಗಿದ್ದರೆ ಮಾತ್ರ ಅವನ ದೇಹವನ್ನು ಹೊಕ್ಕು, ಅವನ ಆತ್ಮದೊಡನೆ ತಾನೂ ನಾಶವಾಗುತ್ತದೆ. ರಿಯಾರ್ಡನ್ ಹೇಳುವ ಈ ಸತ್ಯದ ಹಿನ್ನೆಲೆಯಲ್ಲಿ ಮಾರಿಗನ್‌ಳ ಕೋರಿಕೆಯನ್ನು ನೋಡಬೇಕು. ಗ್ರೇ ವಾರ್ಡನ್ ಒಬ್ಬನಿಂದ ಅವಳು ಗರ್ಭ ಧರಿಸಿದರೆ ಆ ಆತ್ಮ ಶಿಶುವನ್ನು ಸೇರಿ ಯಾವ ವಾರ್ಡನ್ನೂ ಸಾಯಬೇಕಾಗುವುದಿಲ್ಲ. ನಿಮ್ಮ ಪಾತ್ರ ಪುರುಷನಾಗಿದ್ದರೆ ನೀವೇ ಒಪ್ಪಬಹುದು, ಇಲ್ಲವೇ ವಾರ್ಡನ್‌ಗಳೇ ಆದ ಅಲಿಸ್ಟೇರ್‌ನನ್ನೋ ಲೊಗೈನ್‌ನನ್ನೋ ಒಪ್ಪಿಸಬಹುದು. ಈ ತೀರ್ಮಾನದ ನೆರಳು 2014ರ ‘ಡ್ರ್ಯಾಗನ್ ಏಜ್: ಇನ್‌ಕ್ವಿಸಿಷನ್’ ಆಟದವರೆಗೂ ಚಾಚುತ್ತದೆ, ಮಾರಿಗನ್‌ಳ ಮಗ ಕಿಯೆರನ್ ಅಲ್ಲಿ ಕಾಣಿಸಿಕೊಳ್ಳುತ್ತಾನೆ.

ಕೋರಿಕೆಯನ್ನು ನಿರಾಕರಿಸಿದವರು ತಂಡವನ್ನು ಆಯುವಾಗಲೇ ಕೊನೆಯ ಪೆಟ್ಟಿನ ಬಗ್ಗೆ ಯೋಚಿಸಿರಬೇಕು. ಅಲಿಸ್ಟೇರ್ ಅಥವಾ ಲೊಗೈನ್ ಛಾವಣಿಯಲ್ಲಿ ನಿಮ್ಮ ಜೊತೆಗಿದ್ದರೆ ಮಾತ್ರ ಆ ಪೆಟ್ಟನ್ನು ಅವರು ಹೊಡೆಯುವ ಸಾಧ್ಯತೆ ಇರುತ್ತದೆ. ಅವರನ್ನು ಬಾಗಿಲಲ್ಲಿ ಬಿಟ್ಟು ಬಂದಿದ್ದರೆ ನಿಮ್ಮ ವಾರ್ಡನ್‌ನೇ ಸಾಯಬೇಕು. ಅಲಿಸ್ಟೇರ್‌ನನ್ನು ಪ್ರೀತಿಸಿದ ವಾರ್ಡನ್ ಅವನನ್ನು ಜೊತೆಗೆ ಕರೆತಂದರೆ ಅವನು ನಿಮ್ಮ ಮಾತನ್ನು ಕೇಳದೆ ತಾನೇ ಮುಂದೆ ನುಗ್ಗುತ್ತಾನೆ. ಅವನನ್ನು ಉಳಿಸಿ ತಾವೇ ಸಾಯಬೇಕೆಂದಿರುವವರು ಅವನನ್ನು ಹೆಬ್ಬಾಗಿಲಲ್ಲಿಯೇ, ಉಳಿದವರ ಜೊತೆಗೆ, ಒಳ್ಳೆಯ ಕವಚ ತೊಡಿಸಿ ಬಿಟ್ಟು ಬರಬೇಕು.

ವಾರ್ಡನ್ ಬದುಕುಳಿದರೆ ಪಟ್ಟಾಭಿಷೇಕದ ಸಭೆಯಲ್ಲಿ ಜೊತೆಗೆ ಉಳಿದ ಸಹಚರರು ನಿಂತಿರುತ್ತಾರೆ. ಮುಂದಿನ ಬಾಗಿಲನ್ನು ದಾಟಿದ ಕೂಡಲೇ ಆಟ ಮುಗಿದುಹೋಗುವುದರಿಂದ, ಅವರೊಡನೆ ಆಡಬೇಕಾದ ಮಾತುಗಳನ್ನು ಅದಕ್ಕೆ ಮೊದಲೇ ಆಡಿ ಮುಗಿಸಿ.